ಮುಖ ಕಂಡರೆ ಸಾವು ಎಂಬ ನಿಯಮ, ಅದಕ್ಕೆ ಹೊರತಾದ ಒಬ್ಬ

ಸಾಲದಲ್ಲಿ ಮುಳುಗಿದವರು ಭಾರಿ ಬಹುಮಾನಕ್ಕಾಗಿ ಗುಟ್ಟಿನ ದ್ವೀಪವೊಂದರಲ್ಲಿ ಮಕ್ಕಳ ಆಟಗಳನ್ನಾಡಿ, ಸೋತರೆ ಸಾಯುವ ಕಥೆಯ ಕೊರಿಯನ್ ಸರಣಿ ‘ಸ್ಕ್ವಿಡ್ ಗೇಮ್’. ಅದರ ಮೊದಲ ಸೀಸನ್‌ನ ಮೂರನೆಯ ಕಂತು ಮುಗಿಯುವ ಹೊತ್ತಿಗೆ ಒಂದು ಸಣ್ಣ ಪ್ರಸಂಗ ಬರುತ್ತದೆ. ಸಕ್ಕರೆ ಬಿಲ್ಲೆಯೊಳಗಿನ ಆಕಾರವನ್ನು ಸೂಜಿಯಿಂದ ಬಿಡಿಸಲಾಗದೆ ಸೋತ ಆಟಗಾರನೊಬ್ಬ ಬಂದೂಕು ಕಸಿದುಕೊಂಡು ಕಾವಲುಗಾರನನ್ನೇ ಒತ್ತೆಯಾಳಾಗಿಸುತ್ತಾನೆ. ಮುಖವಾಡ ತೆಗೆ ಎಂದು ಅಬ್ಬರಿಸುತ್ತಾನೆ. ತೆಗೆದಾಗ ಕಾಣುವುದು ಎಳೆಯ ಹುಡುಗನ ಮುಖ. ಇಷ್ಟು ಚಿಕ್ಕವನು ಇಂಥ ಕೆಲಸಕ್ಕೆ ಹೇಗೆ ಬಂದ ಎಂದು ಆಟಗಾರ ಕಂಗಾಲಾಗಿ ಗುಂಡನ್ನು ತನಗೇ ಹಾರಿಸಿಕೊಳ್ಳುತ್ತಾನೆ. ಆಮೇಲೆ ಆಟ ನಡೆಸುವ, ಕಪ್ಪು ಮುಖವಾಡದ ಫ್ರಂಟ್‌ಮ್ಯಾನ್ ಬರುತ್ತಾನೆ. ಮುಖ ತೋರಿಸಿದ ಹುಡುಗನನ್ನು ಅಲ್ಲೇ ಕೊಲ್ಲುತ್ತಾನೆ. ಗುರುತು ಬಯಲಾದ ಕಾವಲುಗಾರ ಬದುಕಿರುವಂತಿಲ್ಲ ಎಂಬುದು ಆ ದ್ವೀಪದ ಕಾನೂನು.

ಈ ಕಾನೂನನ್ನು ಜಾರಿಗೊಳಿಸಿದವನೇ ಮುಂದೆ ಬಂಡೆಯ ತುದಿಯಲ್ಲಿ ತಮ್ಮನ ಎದುರು ಮುಖವಾಡ ಕಳಚುತ್ತಾನೆ. ಎರಡನೆಯ ಸೀಸನ್‌ನಲ್ಲಿ ಬರಿಮುಖದಲ್ಲಿ ಆಟಗಾರರ ನಡುವೆ ಮಲಗಿ ಏಳುತ್ತಾನೆ. ಮೂರನೆಯದರಲ್ಲಿ ಕಥಾನಾಯಕನಾದ ಆಟಗಾರ ಗಿ-ಹುನ್‌ನನ್ನು ತಾನಾಗಿಯೇ ಕರೆಸಿ ಮುಖ ತೋರಿಸುತ್ತಾನೆ. ಅವನಿಗೆ ಏನೂ ಆಗುವುದಿಲ್ಲ. ಮುಖವಾಡದ ನಿಯಮ ಕೆಳಗಿನವರಿಗೆ ಮಾತ್ರ ಎಂಬುದನ್ನು ಈ ಸರಣಿ ಮಾತಿನಲ್ಲಿ ಎಲ್ಲೂ ಹೇಳದೆ ತೋರಿಸಿಬಿಡುತ್ತದೆ. ‘ಇಲ್ಲಿ ಎಲ್ಲರೂ ಸಮಾನರು, ಹೊರಗಿನ ಲೋಕದ ತಾರತಮ್ಯ ಇಲ್ಲಿಲ್ಲ’ ಎಂಬ ಅರ್ಥದ ಮಾತನ್ನು ಫ್ರಂಟ್‌ಮ್ಯಾನ್ ಗಂಭೀರವಾಗಿ ಹೇಳುವಾಗ ನೋಡುಗರು ಆ ಹುಡುಗನನ್ನು ಮರೆಯಬಾರದು.

ಮೂರನೆಯ ಸೀಸನ್ 2025ರ ಜೂನ್ 27ಕ್ಕೆ ಬಂದು ಕಥೆ ಮುಗಿದ ಮೇಲೂ ಈ ಪಾತ್ರದ ಬಗೆಗಿನ ವಾದ ನಿಂತಿಲ್ಲ. ಅವನು ಯಾರೆಂಬುದು ಎಲ್ಲರಿಗೂ ಗೊತ್ತು. ಆದರೂ ಅವನನ್ನು ಅರಿತೆವೆಂದು ಯಾರಿಗೂ ಅನ್ನಿಸುತ್ತಿಲ್ಲ. ಇಲ್ಲಿ ಆ ಗಂಟನ್ನು ಬಿಡಿಸಲು ಯತ್ನಿಸಿದ್ದೇನೆ. ಮೂರೂ ಸೀಸನ್ ನೋಡದವರು ಇಲ್ಲಿಗೇ ನಿಲ್ಲಿಸುವುದು ಒಳ್ಳೆಯದು. ಮುಂದೆ ಎಲ್ಲ ಗುಟ್ಟುಗಳೂ ಬಯಲಾಗಿವೆ.

ಮೊದಲು ಕಥೆಯ ಎಳೆ. ಪೊಲೀಸ್ ಪತ್ತೇದಾರ ಹ್ವಾಂಗ್ ಜುನ್-ಹೋ ಕಾಣೆಯಾದ ಅಣ್ಣ ಇನ್-ಹೋನನ್ನು ಹುಡುಕುತ್ತಿದ್ದಾನೆ. ಅಣ್ಣನ ಕೋಣೆಯಲ್ಲಿ ವೃತ್ತ, ತ್ರಿಕೋನ, ಚೌಕದ ಚಿತ್ರವಿರುವ ಕಾರ್ಡ್ ಸಿಗುತ್ತದೆ. ಅಂಥದೇ ಕಾರ್ಡ್ ಹಿಡಿದು ಗಿ-ಹುನ್ ಎಂಬ ಸಾಲಗಾರ ಠಾಣೆಗೆ ಬಂದಿದ್ದಾಗ ಪೊಲೀಸರು ನಕ್ಕಿದ್ದರು, ಈಗ ಜುನ್-ಹೋ ಅವನ ಬೆನ್ನು ಹತ್ತುತ್ತಾನೆ. ಕಾವಲುಗಾರನೊಬ್ಬನ ವೇಷ ತೊಟ್ಟು ದ್ವೀಪದೊಳಗೆ ನುಸುಳುತ್ತಾನೆ. ಅಲ್ಲಿನ ದಾಖಲೆ ಕೋಣೆಯಲ್ಲಿ ಅವನಿಗೆ ಸಿಗುವುದು 2015ರ ವಿಜೇತನ ಹೆಸರು: ಹ್ವಾಂಗ್ ಇನ್-ಹೋ. ಸತ್ತಿರಬಹುದೆಂದು ಹೆದರಿದ್ದ ಅಣ್ಣ ಗೆದ್ದಿದ್ದಾನೆ. ಎಂಟನೆಯ ಕಂತಿನ ಕೊನೆಯಲ್ಲಿ, ಸಮುದ್ರದ ಅಂಚಿನ ಬಂಡೆಯ ಮೇಲೆ, ತನ್ನನ್ನು ಬೆನ್ನಟ್ಟಿ ಬಂದ ಕಪ್ಪು ಮುಖವಾಡದ ಕೆಳಗೆ ಅದೇ ಅಣ್ಣನ ಮುಖ ಕಾಣುತ್ತದೆ. ಜೊತೆಗೆ ಬಾ ಎನ್ನುತ್ತಾನೆ ಅಣ್ಣ. ತಮ್ಮ ಒಪ್ಪುವುದಿಲ್ಲ. ಅಣ್ಣನ ಗುಂಡು ತಗುಲಿ ತಮ್ಮ ಸಮುದ್ರಕ್ಕೆ ಬೀಳುತ್ತಾನೆ.

ಮುಖವಾಡದ ಹಿಂದೆ ಇದ್ದವನು ನಟ ಲೀ ಬ್ಯುಂಗ್-ಹುನ್. ಕೊರಿಯಾದಲ್ಲಿ ಅವನ ಮುಖ ಗೊತ್ತಿಲ್ಲದ ಮನೆಯಿಲ್ಲ. ಅಂಥ ತಾರೆಯನ್ನು ಏಳೂವರೆ ಕಂತು ಮುಚ್ಚಿಟ್ಟು ಕೆಲವೇ ನಿಮಿಷ ತೋರಿಸಿದ್ದು ನಿರ್ದೇಶಕ ಹ್ವಾಂಗ್ ಡಾಂಗ್-ಹ್ಯುಕ್ ಅವರ ದಿಟ್ಟತನ. ಆದರೆ ಅದರಲ್ಲಿ ಲೆಕ್ಕಾಚಾರವೂ ಇತ್ತು. ಎಂಟನೆಯ ಕಂತಿನಲ್ಲಿ ಇಷ್ಟು ದೊಡ್ಡ ಗುಟ್ಟು ಬಯಲಾದ ಮೇಲೆ ಇನ್ನೊಂದು ಉಳಿದಿರುತ್ತದೆಂದು ಯಾರು ಊಹಿಸುತ್ತಾರೆ? ಒಂಬತ್ತನೆಯದರಲ್ಲಿ ಹಾಸಿಗೆ ಹಿಡಿದ ಓ ಇಲ್-ನಾಮ್, ಅಂದರೆ ಒಂದನೆಯ ನಂಬರಿನ ಮುದುಕ, ಈ ಆಟದ ಒಡೆಯನೆಂದು ತಿಳಿಯುತ್ತದೆ. ಫ್ರಂಟ್‌ಮ್ಯಾನ್‌ನ ಮುಖ ಮುದುಕನ ಗುಟ್ಟಿಗೆ ತೊಡಿಸಿದ ಮುಖವಾಡವಾಗಿತ್ತು. ಸುಳಿವುಗಳೇನೂ ಇರಲಿಲ್ಲವೆಂದಲ್ಲ. ರಾತ್ರಿಯ ಹೊಡೆದಾಟದಲ್ಲಿ ಮುದುಕ ಎತ್ತರದ ಮಂಚವೇರಿ ‘ಹೆದರಿಕೆಯಾಗುತ್ತಿದೆ, ಸಾಕು ನಿಲ್ಲಿಸಿ’ ಎಂದು ಕೂಗಿದೊಡನೆ ಫ್ರಂಟ್‌ಮ್ಯಾನ್ ಎಲ್ಲವನ್ನೂ ನಿಲ್ಲಿಸಿದ್ದ. ಗೋಲಿಯಾಟದಲ್ಲಿ ಅವನ ಸಾವನ್ನು ನಾವು ಕಣ್ಣಾರೆ ಕಾಣಲಿಲ್ಲ, ಗುಂಡಿನ ಸದ್ದು ಮಾತ್ರ ಕೇಳಿದೆವು.

ಹೀಗೆ ಮೊದಲ ಸೀಸನ್ ನಮ್ಮಿಂದ ಮುಚ್ಚಿಟ್ಟಿತು. ಎರಡನೆಯದು, 2024ರ ಡಿಸೆಂಬರ್ 26ಕ್ಕೆ ಬಂದದ್ದು, ನಮಗೆ ತಿಳಿಸಿ ಗಿ-ಹುನ್‌ನಿಂದ ಮುಚ್ಚಿಡುತ್ತದೆ. ಮೊದಲ ಸಲ ಗೆದ್ದ ಗಿ-ಹುನ್ ಈಗ ಆಟವನ್ನೇ ನಿಲ್ಲಿಸಲೆಂದು ಮತ್ತೆ ಆಟಗಾರನಾಗಿ ಬಂದಿದ್ದಾನೆ. ಮೂರನೆಯ ಕಂತಿನ ಕೊನೆಯನ್ನು ನೆನಪಿಸಿಕೊಳ್ಳಿ. ಆಟ ನಿಲ್ಲಿಸಬೇಕೇ, ಮುಂದುವರಿಸಬೇಕೇ ಎಂಬ ಮತದಾನ ನಡೆದಿದೆ. ಉಳಿದಿರುವವರು 365 ಮಂದಿ. ಎಣಿಕೆ 182ಕ್ಕೆ 182ರಲ್ಲಿ ನಿಂತಿದೆ. ಕೊನೆಯ ಮತ ಒಂದನೆಯ ನಂಬರಿನವನದು. ಅವನು ಗುಂಡಿ ಒತ್ತಿ ತಿರುಗುತ್ತಾನೆ, ಲೀ ಬ್ಯುಂಗ್-ಹುನ್‌ನ ಮುಖ ತೆರೆಯ ತುಂಬ ಕಾಣುತ್ತದೆ. ಆಟ ಮುಂದುವರಿಯುತ್ತದೆ. ಪ್ರಜಾಪ್ರಭುತ್ವದ ನಾಟಕವೊಂದರಲ್ಲಿ ನಿರ್ಣಾಯಕ ಮತ ಆಡಳಿತದವನ ಕೈಯಲ್ಲೇ ಇತ್ತೆಂಬುದನ್ನು ಇಷ್ಟು ಚೊಕ್ಕವಾಗಿ ತೋರಿಸಿದ ದೃಶ್ಯ ಈ ಸರಣಿಯಲ್ಲಿ ಬೇರೊಂದಿಲ್ಲ.

ಅಲ್ಲಿಂದಾಚೆ ಅವನು ಓ ಯಂಗ್-ಇಲ್ ಎಂಬ ಹೆಸರಿನಲ್ಲಿ ಗಿ-ಹುನ್‌ನ ಬಲಗೈಯಾಗುತ್ತಾನೆ. ಐವರ ಕಾಲು ಕಟ್ಟಿಕೊಂಡು ಓಡುವ ಆಟದಲ್ಲಿ ಬುಗುರಿ ಬಿಡುವ ಪಾಳಿ ಅವನದು. ಮತ್ತೆ ಮತ್ತೆ ತಪ್ಪುತ್ತಾನೆ, ತನ್ನ ಕೆನ್ನೆಗೆ ತಾನೇ ಹೊಡೆದುಕೊಳ್ಳುತ್ತಾನೆ, ಕೊನೆಗೆ ಬುಗುರಿ ತಿರುಗಿದಾಗ ಎಲ್ಲರೊಂದಿಗೆ ಕುಣಿಯುತ್ತಾನೆ. ಆ ಸಂತೋಷ ನಟನೆಯೇ? ನನಗೆ ಹಾಗೆನ್ನಿಸುವುದಿಲ್ಲ. ಅಲ್ಲಿ ಅವನು ನಿಜಕ್ಕೂ ಆಟವಾಡುತ್ತಿದ್ದ. ಅದಾದ ಮೇಲೆ ಬರುವ, ಸುತ್ತುವ ವೇದಿಕೆಯ ಆಟದ ಕೊನೆಯ ಸುತ್ತಿನಲ್ಲಿ ಕೋಣೆಗೆ ಇಬ್ಬರೇ ಇರಬೇಕು. ಅವನೂ ಗಿ-ಹುನ್‌ನ ಗೆಳೆಯ ಜಂಗ್-ಬೇಯೂ ಹೊಕ್ಕ ಕೋಣೆಯಲ್ಲಿ ಮೂರನೆಯವನೊಬ್ಬ ಇದ್ದಾನೆ. ಯಂಗ್-ಇಲ್ ಒಂದು ಕ್ಷಣವೂ ತಡವರಿಸದೆ ಆ ಮೂರನೆಯವನನ್ನು ಬರಿಗೈಯಲ್ಲಿ ಕೊಲ್ಲುತ್ತಾನೆ. ಜಂಗ್-ಬೇ ನೋಡುತ್ತಾ ನಿಲ್ಲುತ್ತಾನೆ, ಬಾಗಿಲು ತೆರೆದ ಮೇಲೆ ಆ ಮಾತನ್ನು ಇಬ್ಬರೂ ನುಂಗಿಕೊಳ್ಳುತ್ತಾರೆ. ಕುಣಿದವನೂ ಕೊಂದವನೂ ಒಬ್ಬನೇ, ಎರಡೂ ಬರಿಮುಖದಲ್ಲೇ. ಜಂಗ್-ಬೇಗೆ ಆ ಕ್ಷಣದಲ್ಲಿ ಫ್ರಂಟ್‌ಮ್ಯಾನ್ ಯಾರೆಂದು ಗೊತ್ತಾಗದಿದ್ದರೂ ಅವನು ಎಂಥವನು ಎಂಬುದು ಗೊತ್ತಾಗಿತ್ತು. ಅದೇ ಜಂಗ್-ಬೇಯನ್ನು ಸೀಸನ್‌ನ ಕೊನೆಯಲ್ಲಿ ಫ್ರಂಟ್‌ಮ್ಯಾನ್ ಮುಖವಾಡ ತೊಟ್ಟು ಬಂದು ಗಿ-ಹುನ್‌ನ ಕಣ್ಣೆದುರೇ ಗುಂಡಿಟ್ಟು ಕೊಲ್ಲುತ್ತಾನೆ.

ಒಮ್ಮೆ ಒಂದನೆಯ ನಂಬರಿನವನಿಂದ ಮೋಸಹೋದ ಗಿ-ಹುನ್ ಮತ್ತೆ ಅದೇ ನಂಬರಿನವನನ್ನು ಹೇಗೆ ನಂಬಿದ ಎಂಬುದು ಬಹಳ ಮಂದಿಯ ಆಕ್ಷೇಪ. ಇದು ಕಥೆಯ ಸಡಿಲವೆಂದು ನಾನು ಒಪ್ಪುವುದಿಲ್ಲ. ಮೊದಲ ಸಲ ಅವನನ್ನು ಬೀಳಿಸಿದ್ದು ಮುದುಕನ ಮೇಲಿನ ಮರುಕ. ಎರಡನೆಯ ಸಲ ಬೀಳಿಸಿದ್ದು ತನ್ನ ಹೋರಾಟಕ್ಕೆ ಜೊತೆಗಾರ ಸಿಕ್ಕನೆಂಬ ಹಂಬಲ. ದಂಗೆಯೇಳಲು ಹೊರಟವನಿಗೆ ಧೈರ್ಯಸ್ಥ, ತಲೆ ಓಡುವ, ದುಃಖ ಉಂಡ ಗೆಳೆಯನಿಗಿಂತ ದೊಡ್ಡ ಬಲೆ ಯಾವುದಿದೆ?

ಆ ದುಃಖದ ಕಥೆಯೇ ಈ ಪಾತ್ರದ ಕೀಲಿ. ಯಂಗ್-ಇಲ್ ಹೇಳುವುದು ಹೀಗೆ: ಹೆಂಡತಿಯ ಯಕೃತ್ತು ಕೆಟ್ಟಿತ್ತು, ಪರೀಕ್ಷೆಯ ವೇಳೆ ಅವಳು ಬಸುರಿಯೆಂದು ತಿಳಿಯಿತು. ಮಗುವನ್ನು ತೆಗೆಸಲು ಅವಳು ಒಪ್ಪಲಿಲ್ಲ. ಯಕೃತ್ತು ಕಸಿಗೆ ದಾನಿ ಸಿಗಲಿಲ್ಲ. ಹಣ ಸಾಲದೆ ಪರಿಚಯದವನೊಬ್ಬನಿಂದ ಪಡೆದ ನೆರವು ಲಂಚವೆಂದು ಲೆಕ್ಕಕ್ಕೆ ಬಂದು, ಬದುಕಿಡೀ ದುಡಿದ ಕೆಲಸ ಹೋಯಿತು. ಹೆಸರು ಸುಳ್ಳು, ವೇಷ ಸುಳ್ಳು. ಆದರೆ ಈ ಕಥೆಯನ್ನು ಸುಳ್ಳೆನ್ನುವ ಒಂದು ದೃಶ್ಯವೂ ಮುಂದೆ ಬರುವುದಿಲ್ಲ. ಮುಖವಾಡವಿಲ್ಲದೆ, ಹುಸಿ ಹೆಸರಿನ ಮರೆಯಲ್ಲಿ ನಿಂತಾಗಲೇ ಅವನ ಬಾಯಿಂದ ನಿಜ ಹೊರಬಿದ್ದಿದೆ.

ಇದನ್ನು ಮೊದಲ ಸೀಸನ್‌ನ ಇನ್ನೊಂದು ಸಂಗತಿಯ ಪಕ್ಕದಲ್ಲಿಡಬೇಕು. ಜುನ್-ಹೋನ ದೇಹದಲ್ಲಿರುವ ಒಂದು ಮೂತ್ರಪಿಂಡ ಅಣ್ಣ ಕೊಟ್ಟದ್ದು. ತಮ್ಮನಿಗೆ ತನ್ನ ಅಂಗವನ್ನೇ ಕೊಟ್ಟವನು ಹೆಂಡತಿಗೆ ಬೇಕಾದಾಗ ಒಂದು ತುಂಡು ಯಕೃತ್ತಿಗಾಗಿ ಅಲೆದು ಸಿಗದೆ ನಿಂತ. ದಕ್ಷಿಣ ಕೊರಿಯಾದಲ್ಲಿ ಯಕೃತ್ತಿನ ಕಸಿ ಹೆಚ್ಚಾಗಿ ನಡೆಯುವುದು ಬದುಕಿರುವ ದಾನಿಗಳಿಂದ, ಬಹುತೇಕ ಮನೆಯವರಿಂದಲೇ. ಮನೆಯಲ್ಲಿ ಹೊಂದುವವರಿಲ್ಲದಿದ್ದರೆ ಕಾಯುವುದೇ ಗತಿ. ಇನ್ನು ಅವನು ಆಳುವ ದ್ವೀಪದಲ್ಲೇ ಕೆಲವು ಕಾವಲುಗಾರರು ಸತ್ತವರ ಅಂಗ ಕಿತ್ತು ಕಳ್ಳದಾರಿಯಲ್ಲಿ ಮಾರುತ್ತಿದ್ದರು. ಆ ಜಾಲ ಸಿಕ್ಕಿಬಿದ್ದಾಗ ಅವನು ತೋರಿದ ಕೋಪಕ್ಕೆ ಕೊಟ್ಟ ಕಾರಣ ಆಟದ ಸಮಾನತೆ ಕೆಟ್ಟಿತೆಂಬುದು. ಅವರಿಗಾಗಿ ಅಂಗ ಕಿತ್ತುಕೊಡುತ್ತಿದ್ದ ಆಟಗಾರ ವೈದ್ಯನಿಗೆ ಮುಂದಿನ ಆಟ ಯಾವುದೆಂಬ ಗುಟ್ಟು ಮೊದಲೇ ಸಿಗುತ್ತಿತ್ತಲ್ಲ. ದೇಹ ಕುಯ್ದದ್ದರ ಬಗ್ಗೆ ಅವನು ತಲೆಕೆಡಿಸಿಕೊಳ್ಳುವುದಿಲ್ಲ. ಅಂಗಕ್ಕಾಗಿ ಪರದಾಡಿದವನು ಅಂಗಗಳ ಬಗ್ಗೆ ಇಷ್ಟು ಮರಗಟ್ಟಿದ್ದಾನೆಂದರೆ ಅವನೊಳಗೆ ಏನು ಸತ್ತಿದೆಯೆಂದು ಊಹಿಸಬಹುದು.

ಇನ್-ಹೋ ಮತ್ತು ಗಿ-ಹುನ್ ಇಬ್ಬರೂ ಕೆಲಸ ಕಳೆದುಕೊಂಡವರು. ಗಿ-ಹುನ್ ಕಾರು ಕಾರ್ಖಾನೆಯ ಕಾರ್ಮಿಕ. ಮುಷ್ಕರದ ಕಾಲದಲ್ಲಿ ಪೊಲೀಸರ ದಾಳಿಗೆ ಜೊತೆಗಾರ ಸತ್ತದ್ದನ್ನು ಕಂಡವನು. ಈ ಹಿನ್ನೆಲೆಗೆ ಆಧಾರ 2009ರಲ್ಲಿ ಪ್ಯೊಂಗ್‌ಟೆಕ್‌ನ ಸ್ಯಾಂಗ್‌ಯಾಂಗ್ ಕಾರ್ಖಾನೆಯಲ್ಲಿ 77 ದಿನ ನಡೆದು, ಪೊಲೀಸ್ ಬಲದಿಂದ ಮುರಿದುಬಿದ್ದ ಮುಷ್ಕರ ಎಂದು ನಿರ್ದೇಶಕರೇ ಹೇಳಿದ್ದಾರೆ. (2011ರಲ್ಲಿ ನಮ್ಮ ಮಹೀಂದ್ರ ಕೊಂಡುಕೊಂಡದ್ದು ಇದೇ ಸ್ಯಾಂಗ್‌ಯಾಂಗ್ ಕಂಪನಿಯನ್ನು.) ಇನ್-ಹೋ ಪೊಲೀಸ್ ಇಲಾಖೆಯವನು. ಒಬ್ಬ ಲಾಠಿಯ ಈಚೆಗೆ, ಇನ್ನೊಬ್ಬ ಲಾಠಿ ಬೀಸುವ ವ್ಯವಸ್ಥೆಯೊಳಗೆ. ಇಬ್ಬರನ್ನೂ ಅವರವರ ಸಂಸ್ಥೆಗಳು ಹೊರಗೆ ಹಾಕಿದವು, ಇಬ್ಬರೂ ಆಟಗಾರರ ಒಂದೇ ಹಸಿರು ಉಡುಪು ತೊಟ್ಟರು. ಮೊದಲ ಸೀಸನ್ ಬಂದ 2021ರ ಹೊತ್ತಿಗೆ ದಕ್ಷಿಣ ಕೊರಿಯಾದ ಕುಟುಂಬಗಳ ಒಟ್ಟು ಸಾಲ ಆ ದೇಶದ ಒಟ್ಟು ಆಂತರಿಕ ಉತ್ಪನ್ನವನ್ನೇ ಮೀರಿತ್ತು. ಅಂಥ ನಾಡಿನಲ್ಲಿ ಆ ಉಡುಪು ಯಾರಿಗೂ ದೂರದ್ದಲ್ಲ.

ಕೊರಿಯಾಕ್ಕೆ ಮುಖವಾಡ ಹೊಸದೂ ಅಲ್ಲ. ಅಲ್ಲಿನ ಟಾಲ್ಚುಮ್ ಎಂಬ ಮುಖವಾಡ ನೃತ್ಯನಾಟಕವನ್ನು ಯುನೆಸ್ಕೊ 2022ರಲ್ಲಿ ತನ್ನ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು. ಆಂಡೊಂಗ್ ಬಳಿಯ ಹಾಹೋ ಹಳ್ಳಿಯ ಮರದ ಮುಖವಾಡಗಳು ಅಲ್ಲಿನವರಿಗೆಲ್ಲ ಪರಿಚಿತ. ಆ ಆಟಗಳಲ್ಲಿ ಮುಖವಾಡ ತೊಡುವವರು ಸಾಮಾನ್ಯ ಜನ. ಯಾಂಗ್‌ಬಾನ್ ಎಂಬ ಮೇಲ್ವರ್ಗದ ಒಡೆಯರನ್ನೂ ಕೆಟ್ಟುಹೋದ ಸನ್ಯಾಸಿಗಳನ್ನೂ ಎದುರಿಗೇ ಲೇವಡಿ ಮಾಡಲು ಅದು ಬಡವನಿಗೆ ಸಿಕ್ಕ ರಕ್ಷೆ. ‘ಸ್ಕ್ವಿಡ್ ಗೇಮ್’ನಲ್ಲಿ ಇದು ತಲೆಕೆಳಗಾಗಿದೆ. ಬಡವರ ಮುಖ ಬಯಲಿನಲ್ಲಿದೆ, ಎದೆಯ ಮೇಲೆ ನಂಬರು ಬೇರೆ. ಮುಖವಾಡ ತೊಟ್ಟವರು ಕೊಲ್ಲುವವರು. ಹೊಳೆಯುವ ಪ್ರಾಣಿಗಳ ಮುಖವಾಡ ತೊಟ್ಟು ಸೋಫಾ ಮೇಲೆ ಒರಗಿದವರು ಸಾವಿನ ಮೇಲೆ ಪಣ ಕಟ್ಟುವ ಸಿರಿವಂತರು. ಮುಖವಾಡವನ್ನು ಜನರಿಂದ ಕಸಿದು ಒಡೆಯರಿಗೆ ಕೊಟ್ಟದ್ದು ಈ ಸರಣಿಯ ಅತ್ಯಂತ ಕಹಿಯಾದ ಕಲ್ಪನೆಯೆಂದು ನಾನು ಭಾವಿಸುತ್ತೇನೆ. ಇನ್-ಹೋ ಮಾತ್ರ ಈ ಗೆರೆಯನ್ನು ದಾಟಿದವನು. ನಂಬರಿನಿಂದ ಮುಖವಾಡಕ್ಕೆ ಬಡ್ತಿ ಪಡೆದವನು.

ಆ ಬಡ್ತಿಗೆ ತೆತ್ತ ಬೆಲೆ ಮೂರನೆಯ ಸೀಸನ್‌ನಲ್ಲಿ ತಿಳಿಯುತ್ತದೆ. ಅಂತಿಮ ಆಟದ ಹಿಂದಿನ ರಾತ್ರಿ ಫ್ರಂಟ್‌ಮ್ಯಾನ್ ಗಿ-ಹುನ್‌ನನ್ನು ಕರೆಸಿ, ಮುಖವಾಡ ತೆಗೆದು, ಅವನ ಕೈಗೆ ಕತ್ತಿ ಕೊಡುತ್ತಾನೆ. ನಾಳೆ ಉಳಿದ ಆಟಗಾರರು ನಿನ್ನನ್ನೂ, ಆಟದ ನಡುವೆ ಹುಟ್ಟಿ ನೀನು ಕಾಪಾಡುತ್ತಿರುವ ಮಗುವನ್ನೂ ಕೊಲ್ಲುತ್ತಾರೆ, ಇಂದು ರಾತ್ರಿ ಮಲಗಿದ್ದಾಗಲೇ ಅವರನ್ನು ಮುಗಿಸು ಎನ್ನುತ್ತಾನೆ. ಆಗ ನಮಗೆ 2015ರ ರಾತ್ರಿ ಕಾಣುತ್ತದೆ. 132ನೆಯ ನಂಬರಿನ ಇನ್-ಹೋನ ಕೈಗೆ ಮುದುಕ ಇಲ್-ನಾಮ್ ಇಂಥದೇ ಕತ್ತಿ ಕೊಟ್ಟು ಇಂಥದೇ ಮಾತು ಹೇಳಿದ್ದ. ಇನ್-ಹೋ ಹೋಗಿ, ಮಲಗಿದ್ದವರನ್ನು ಕೊಂದ. ಅವನ ಗೆಲುವೆಂದರೆ ಅದು. ಯಾವ ಆಟದಲ್ಲೂ ಗೆದ್ದದ್ದಲ್ಲ.

ನನ್ನ ಮಟ್ಟಿಗೆ ಫ್ರಂಟ್‌ಮ್ಯಾನ್‌ನ ಮುಖವಾಡ ನಿಜವಾಗಿ ಕಳಚುವುದು ಇಲ್ಲಿ. ಬಂಡೆಯ ಮೇಲೆ ತಿಳಿದದ್ದು ಹೆಸರು, ಇಲ್ಲಿ ತಿಳಿಯುವುದು ಮಾಡಿದ ಕೆಲಸ. ಇದು ತಿಳಿದ ಮೇಲೆ ಹಿಂದಿನ ಎರಡು ಸೀಸನ್‌ಗಳ ಅವನ ನಡೆಗಳಿಗೆ ಬೇರೆಯೇ ಅರ್ಥ ಬರುತ್ತದೆ. ಗಿ-ಹುನ್ ಆಟವನ್ನು ನಿಲ್ಲಿಸೆಂದಾಗ, ಲೋಕ ಬದಲಾಗದೆ ಆಟ ನಿಲ್ಲದೆಂದು ಅವನು ಉತ್ತರಿಸಿದ್ದ. ಆಮೇಲೆ ತಾನೇ ಆಟದೊಳಗೆ ಇಳಿದ. ಸಾವಿರ ಕ್ಯಾಮೆರಾಗಳಿಂದ ನೋಡಬಲ್ಲವನು ಪಕ್ಕದ ಮಂಚಕ್ಕೆ ಬಂದು ಮಲಗಿದ್ದೇಕೆ? ಅವನಿಗೆ ಒಬ್ಬ ಸಾಕ್ಷಿ ಬೇಕಿತ್ತು. ತನ್ನ ಜಾಗದಲ್ಲಿ ಯಾರಿದ್ದರೂ ಕತ್ತಿ ಎತ್ತುತ್ತಿದ್ದರು ಎಂದು ಸಾಬೀತಾದರೆ 2015ರ ರಾತ್ರಿ ಅವನ ತಪ್ಪಾಗುವುದಿಲ್ಲ, ಮನುಷ್ಯಕುಲದ ಸಹಜಗುಣವಾಗುತ್ತದೆ. ಎಲ್ಲರಿಗಿಂತ ಒಳ್ಳೆಯವನೆಂದು ತಾನು ಕಂಡುಕೊಂಡವನನ್ನೇ ಅದಕ್ಕಾಗಿ ಆರಿಸಿಕೊಂಡ.

ಗಿ-ಹುನ್ ಕತ್ತಿ ಹಿಡಿದು ಹೋಗುತ್ತಾನೆ. ಮಲಗಿದ್ದವನ ಕುತ್ತಿಗೆಗೆ ಅದನ್ನು ತಾಗಿಸುತ್ತಾನೆ ಕೂಡ. ಆಗ ಅವನ ಕಣ್ಣೆದುರು, ಹಿಂದೆ ಅವನ ಜೊತೆ ಆಡಿ ಸತ್ತ ಸೇ-ಬ್ಯೋಕ್ ಬಂದು ನಿಲ್ಲುತ್ತಾಳೆ. ಮೊದಲ ಸೀಸನ್‌ನಲ್ಲಿ ಇಂಥದೇ ರಾತ್ರಿ, ಇಂಥದೇ ಕತ್ತಿ ಹಿಡಿದು ಎದುರಾಳಿ ಸಾಂಗ್-ವೂನತ್ತ ಹೊರಟಿದ್ದಾಗ, ‘ಬೇಡ, ನೀವು ಅಂಥವರಲ್ಲ’ ಎಂದು ತಡೆದವಳು ಅವಳೇ. ಗಿ-ಹುನ್ ಕೈ ಹಿಂತೆಗೆಯುತ್ತಾನೆ. ಇದನ್ನು ನೋಡುತ್ತಿದ್ದ ಇನ್-ಹೋನ ಬಳಿ ಇನ್ನು ನೆಪ ಉಳಿಯುವುದಿಲ್ಲ. ಮನುಷ್ಯ ಬೇರೆ ರೀತಿಯಲ್ಲೂ ನಡೆಯಬಲ್ಲ, ಹಾಗಾದರೆ ಅಂದು ಕೊಂದದ್ದು ತಾನು, ತನ್ನ ಆಯ್ಕೆಯಿಂದಲೇ. ಇಲ್ಲಿ ಒಂದು ವ್ಯತ್ಯಾಸವನ್ನೂ ಗಮನಿಸಬೇಕು. ಗಿ-ಹುನ್‌ಗೆ ತಡೆಯುವ ದನಿಯೊಂದು ಇತ್ತು, ಸತ್ತವಳದಾದರೂ. ಅದೇ ಆಟದೊಳಗೆ ಅವನು ಗಳಿಸಿದ ಸ್ನೇಹ. 2015ರಲ್ಲಿ ಇನ್-ಹೋನನ್ನು ತಡೆಯಲು ಅಂಥ ಯಾವ ದನಿಯೂ ಏಳಲಿಲ್ಲ.

ಮುಂದಿನದು ವೇಗವಾಗಿ ಸಾಗುತ್ತದೆ. ಅಂತಿಮ ಆಟದಲ್ಲಿ ಗಿ-ಹುನ್ ಮಗುವನ್ನು ಉಳಿಸಿ ತಾನು ಕೆಳಕ್ಕೆ ಬೀಳುತ್ತಾನೆ. ಗೆದ್ದದ್ದು ಆಟದ ನಡುವೆಯೇ ಹುಟ್ಟಿ, ತಾಯಿಯ 222ನೆಯ ನಂಬರನ್ನು ಪಡೆದ ಹಸುಗೂಸು. ಆ ಕೂಸನ್ನು ಎತ್ತಿಕೊಂಡು ಹೊರಡುವವನು ಇನ್-ಹೋ. ಹುಟ್ಟಬೇಕಿದ್ದ ಮಗುವಿನ ಕಥೆ ಹೇಳಿದ್ದವನು ಇವನೇ ಎಂಬುದು ನೆನಪಿದ್ದರೆ ಆ ದೃಶ್ಯ ಹೃದಯಕ್ಕೆ ನಾಟುತ್ತದೆ. ದ್ವೀಪ ಸ್ಫೋಟಗೊಳ್ಳುತ್ತದೆ. ಆರು ತಿಂಗಳ ಮೇಲೆ ಜುನ್-ಹೋನ ಮನೆಯಲ್ಲಿ ಮಗುವೂ 45.6 ಶತಕೋಟಿ ವಾನ್ ಬಹುಮಾನದ ಹಣವೂ ಕಾಣಿಸಿಕೊಳ್ಳುತ್ತವೆ. ಗಿ-ಹುನ್‌ನ ಹಸಿರು ಉಡುಪು ಮತ್ತು ಉಳಿದ ಹಣ ಲಾಸ್ ಏಂಜಲೀಸ್‌ನಲ್ಲಿರುವ ಅವನ ಮಗಳ ಕೈ ಸೇರುತ್ತದೆ. ತಲುಪಿಸಿದವನು ಇನ್-ಹೋ. ಅಲ್ಲಿನ ಗಲ್ಲಿಯೊಂದರಲ್ಲಿ ಕೇಟ್ ಬ್ಲಾಂಚೆಟ್ ನಟಿಸಿದ ಮಹಿಳೆ ಕಾಗದದ ಬಿಲ್ಲೆಯ ಆಟವಾಡಿಸುತ್ತ ಹೊಸ ಬಲಿಗಳನ್ನು ಹುಡುಕುತ್ತಿರುವುದೂ ಕಾಣುತ್ತದೆ. ಇದನ್ನೆಲ್ಲ ಪಶ್ಚಾತ್ತಾಪವೆಂದು ಓದಿದವರಿದ್ದಾರೆ. ನಾನು ಅಷ್ಟು ಉದಾರಿಯಾಗಲಾರೆ. ಮಗುವನ್ನು ತಲುಪಿಸಿದ, ಹಣ ತಲುಪಿಸಿದ, ಸರಿ. ಆಟವನ್ನು ಬಯಲಿಗೆ ತರಬಲ್ಲವನು ಅವನೊಬ್ಬನೇ ಆಗಿದ್ದ, ಅದನ್ನು ಮಾಡಲಿಲ್ಲ. ಸತ್ತವರ ಮನೆಗಳಿಗೆ ಒಂದು ಚೀಟಿಯೂ ಹೋಗಲಿಲ್ಲ.

ಇಷ್ಟು ಗಟ್ಟಿಯಾಗಿ ಕಟ್ಟಿದ ಪಾತ್ರದಲ್ಲಿ ಒಂದು ದೊಡ್ಡ ಕಂದಕ ಹಾಗೆಯೇ ಉಳಿದಿದೆ, ಅದೂ 2015ರಿಂದ 2020ರ ನಡುವಿನ ಐದು ವರ್ಷ. ಮೊದಲ ಸೀಸನ್‌ನ ಎರಡನೆಯ ಕಂತಿನಲ್ಲಿ ಜುನ್-ಹೋ ಅಣ್ಣನನ್ನು ಹುಡುಕಿಕೊಂಡು ಹೋಗುವುದು ಗೋಶಿವೋನ್‌ಗೆ. ಮೂಲತಃ ಪರೀಕ್ಷೆಗೆ ಓದುವ ವಿದ್ಯಾರ್ಥಿಗಳಿಗೆಂದು ಹುಟ್ಟಿಕೊಂಡು, ಈಗ ನಗರದ ಬಡವರು ತಿಂಗಳ ಬಾಡಿಗೆಗೆ ಇರುವ, ಕೈ ಚಾಚಿದರೆ ಎರಡೂ ಗೋಡೆ ಸಿಗುವಂಥ ಕೋಣೆಗಳವು. ಬಾಡಿಗೆ ಬಾಕಿಯಿದೆ. ಗಾಜಿನ ತೊಟ್ಟಿಯಲ್ಲಿ ಮೀನು ಸತ್ತಿದೆ. ಪುಸ್ತಕಗಳಿವೆ. ಕೋಟಿಗಟ್ಟಲೆ ಗೆದ್ದವನೊಬ್ಬ ಐದು ವರ್ಷಗಳ ಮೇಲೂ ಇಂಥ ಕೋಣೆಯನ್ನು ಇಟ್ಟುಕೊಂಡಿದ್ದೇಕೆ? ಗಿ-ಹುನ್ ಕೂಡ ಗೆದ್ದ ಮೇಲೆ ವರ್ಷವಿಡೀ ಆ ಹಣವನ್ನು ಮುಟ್ಟದೆ ಅಲೆಮಾರಿಯಂತೆ ತಿರುಗಿದ್ದ. ಇಬ್ಬರಿಗೂ ಆ ಹಣ ಬೆಂಕಿಯಾಗಿತ್ತು. ಅಷ್ಟರವರೆಗೆ ಇಬ್ಬರ ದಾರಿಯೂ ಒಂದೇ. ಒಬ್ಬ ಆಟವನ್ನು ಮುರಿಯಲು ಹೊರಟ, ಇನ್ನೊಬ್ಬ ಅದನ್ನು ನಡೆಸಲು ಒಪ್ಪಿದ. ಆ ಒಪ್ಪಿಗೆ ಯಾವತ್ತು, ಯಾವ ಮಾತಿನಲ್ಲಿ ಬಂತು? ಹೆಂಡತಿ ಎಂದು ತೀರಿಕೊಂಡಳು, ಹಣ ಹಿಡಿದು ಅವನು ಮನೆ ಸೇರಿದಾಗ ಅವಳಿದ್ದಳೇ? ಆ ಸಾವೇ ಅವನನ್ನು ಮುದುಕನ ಬಳಿಗೆ ಮರಳಿ ಕಳಿಸಿತೇ? ಸರಣಿ ತುಟಿ ಬಿಚ್ಚುವುದಿಲ್ಲ. ಪ್ರಾಣಿ ಮುಖವಾಡದ ಸಿರಿವಂತರ ಹರಟೆಗೆ ಕೊಟ್ಟ ಸಮಯದ ಕಾಲುಭಾಗ ಈ ಕೋಣೆಗೆ ಸಿಕ್ಕಿದ್ದರೂ ಸಾಕಿತ್ತು.

ಕೆಲವರು ಇದನ್ನು ಉದ್ದೇಶಪೂರ್ವಕ ಮೌನವೆನ್ನುತ್ತಾರೆ. ಎಲ್ಲವನ್ನೂ ವಿವರಿಸಿದರೆ ಖಳನ ಬಗ್ಗೆ ಮರುಕ ಹುಟ್ಟಿ ಅವನ ಅಪರಾಧ ತೆಳುವಾಗುತ್ತದೆಂಬುದು ಅವರ ವಾದ. ಗಿ-ಹುನ್‌ನ ಬಗ್ಗೆ ಯೋಚಿಸುವಾಗ ಆ ವಾದ ಸರಿ, ಅವನಿಗೆ ಇನ್-ಹೋನ ಹಿಂದಿನ ಬದುಕು ತಿಳಿಯಬೇಕಾದ ಅಗತ್ಯವಿಲ್ಲ. ಆದರೆ ಜುನ್-ಹೋ? ಎರಡು ಸೀಸನ್ ಪೂರ್ತಿ ಅವನನ್ನು ದೋಣಿಯಲ್ಲಿ ಸಮುದ್ರ ಸುತ್ತಿಸಿದರು. ಅವನ ಜೀವ ಉಳಿಸಿದ ದೋಣಿಯ ನಾಯಕನೇ ಆಟದವರ ಆಳೆಂದು ತೋರಿಸಿದರು. ಕೊನೆಗೆ ದ್ವೀಪ ತಲುಪಿದಾಗ ಅಣ್ಣನತ್ತ ಬಂದೂಕು ಹಿಡಿದು ಏಕೆ ಹೀಗೆ ಮಾಡಿದೆ ಎಂದು ಕೂಗಿ ಕೇಳಿದ. ಆ ಪ್ರಶ್ನೆ ಕೇಳುವ ಹಕ್ಕು ಇಡೀ ಕಥೆಯಲ್ಲಿ ಯಾರಿಗಾದರೂ ಇದ್ದರೆ ಅದು ಅಣ್ಣನ ಮೂತ್ರಪಿಂಡವನ್ನೂ ಅಣ್ಣನ ಗುಂಡನ್ನೂ ಒಂದೇ ದೇಹದಲ್ಲಿ ಹೊತ್ತ ಅವನಿಗೆ. ಇನ್-ಹೋ ಮಗುವನ್ನೆತ್ತಿಕೊಂಡು ಉತ್ತರಿಸದೆ ಹೊರಟುಹೋದ. ಮುಂದೆ ಮಗುವನ್ನೂ ಹಣವನ್ನೂ ತಮ್ಮನ ಮನೆಗೆ ಮುಟ್ಟಿಸಿದಾಗಲೂ ಅದರ ಜೊತೆ ಉತ್ತರ ಬರಲಿಲ್ಲ. ಇದನ್ನು ಮೌನದ ಕಲೆಯೆಂದು ಮೆಚ್ಚಲು ನನಗೆ ಮನಸ್ಸಾಗುತ್ತಿಲ್ಲ. ಹ್ವಾಂಗ್ ಡಾಂಗ್-ಹ್ಯುಕ್ ಜುನ್-ಹೋನಿಗೆ ಅನ್ಯಾಯ ಮಾಡಿದ್ದಾರೆ, ಅವನ ಜೊತೆ ಸುಮಾರು ನಾಲ್ಕು ವರ್ಷ ಕಾದ ನೋಡುಗರಿಗೂ.